ಮೂರನೇ ಜೋಡಿ

ನೂರಕ್ಕೆ ಎಂಬತ್ತಮೂರು ಮಂದಿ ನಟನೆ ಅಂದಿದ್ದರು.

ಇವಳು ಫೋನನ್ನು ಮೇಜಿನ ಮೇಲೆ ಬೋರಲು ಹಾಕಿದಳು. ಎರಡು ನಿಮಿಷ ಬಿಟ್ಟು ಎತ್ತಿ ನೋಡಿದರೆ ಎಂಬತ್ತನಾಲ್ಕಾಗಿತ್ತು. ಪರದೆಯ ಮೇಲೆ ಒಂದು ಊಟದ ಮೇಜು, ಎರಡು ತಟ್ಟೆ, ಇಬ್ಬರು ಹೆಂಗಸರು. ಕನ್ನಡಕ ಹಾಕಿದವಳು ತಾನೇ. ಇನ್ನೊಬ್ಬಳು ಎಂಟು ವರ್ಷದಿಂದ ಇವಳ ಜೊತೆ ಒಂದೇ ಮನೆಯಲ್ಲಿ, ಒಂದೇ ಹಾಸಿಗೆಯಲ್ಲಿ, ಹೆಚ್ಚುಕಡಿಮೆ ಒಂದೇ ಜಗಳದಲ್ಲಿ ಇರುವವಳು. ಚಿತ್ರದ ಕೆಳಗೆ ‘ಮೂರನೇ ಜೋಡಿ’ ಎಂದು ಬರೆದು ಎರಡು ಗುಂಡಿ ಇಟ್ಟಿದ್ದರು: ‘ನಿಜ’, ‘ನಟನೆ’.

ಅವಮಾನ ಆಗಬೇಕಿತ್ತು. ಅದಿನ್ನೂ ದಾರಿಯಲ್ಲಿತ್ತೋ ಏನೋ, ಮೊದಲು ಬಂದದ್ದು ಕುತೂಹಲ. ಎಂಟು ವರ್ಷ ಒಟ್ಟಿಗೆ ಉಂಡವರು ಮೂವತ್ತು ಸೆಕೆಂಡು ಒಟ್ಟಿಗೆ ಉಣ್ಣಲು ಬಾರದವರ ಹಾಗೆ ಕಾಣುವುದು ಹೇಗೆ? ಎಲ್ಲಿ ತಪ್ಪಿತು? ಇವಳು ಕುರ್ಚಿಯನ್ನು ಮುಂದಕ್ಕೆಳೆದುಕೊಂಡು ಮತ್ತೊಮ್ಮೆ ಮೊದಲಿನಿಂದ ನೋಡಿದಳು.

ಬರುವ ವಾರ ಫೋನುಗಳಲ್ಲಿ ಬಿಡುಗಡೆಯಾಗಲಿದ್ದ ಒಂದು ಧಾರಾವಾಹಿಯ ಪ್ರಚಾರ ಅದು. ಒಂದೇ ಸೂರಿನಡಿ ಸಂಸಾರ ಮಾಡುವ ಇಬ್ಬರು ಹೆಂಗಸರ ಕಥೆ. ತಮ್ಮ ಕಥೆ ಎಷ್ಟು ಸಹಜವಾಗಿದೆಯೆಂದು ಸಾರಲು ಕಂಪನಿಯವರು ನಾಲ್ಕು ಜೋಡಿಗಳನ್ನು ಆರಿಸಿ, ಒಂದೊಂದು ಜೋಡಿ ಊಟ ಮಾಡುವುದನ್ನು ಮೂವತ್ತು ಸೆಕೆಂಡು, ಸದ್ದಿಲ್ಲದೆ ಚಿತ್ರೀಕರಿಸಿ ಬಿಟ್ಟಿದ್ದರು. ಎರಡು ನಿಜವಾದ ಲೆಸ್ಬಿಯನ್ ಜೋಡಿ, ಎರಡು ನಟಿಯರದು. ಯಾವುದು ಯಾವುದೆಂದು ನೋಡಿದವರೇ ಹೇಳಬೇಕು. ಕಂಪನಿ ಉತ್ತರ ಕೊಡುವುದಿಲ್ಲ. ಒಂದನೇ ಜೋಡಿ ಧಾರಾವಾಹಿಯ ನಾಯಕಿಯರೇ. ಹೊಸಮುಖಗಳಾದ್ದರಿಂದ ಯಾರಿಗೂ ಗುರುತು ಸಿಕ್ಕಿರಲಿಲ್ಲ. ಅವರನ್ನು ನೂರಕ್ಕೆ ತೊಂಬತ್ತೊಂದು ಮಂದಿ ನಿಜವೆಂದು ಒಪ್ಪಿದ್ದರು.

ಕೆಳಗೆ ಜನ ಬರೆದದ್ದು ಪುಟಗಟ್ಟಲೆ ಇತ್ತು. ಮೂರನೇ ಜೋಡಿಯ ಮನೆಯಲ್ಲಿ ಬೆಕ್ಕೇ ಇಲ್ಲ, ಅಲ್ಲಿಗೇ ಗೊತ್ತಾಯಿತು ಎಂದು ಒಬ್ಬಳು. ಉಗುರು ಕತ್ತರಿಸಿದ್ದಾರೆ, ಆದರೆ ಯಾರೋ ಹೇಳಿಕೊಟ್ಟು ಕತ್ತರಿಸಿಕೊಂಡ ಹಾಗಿದೆ ಎಂದು ಇನ್ನೊಬ್ಬಳು. ಕನ್ನಡಕದವಳು ಪಕ್ಕದವಳನ್ನು ನೋಡುವುದು ಬಸ್ಸು ಬಂತಾ ಅಂತ ನೋಡುವ ಹಾಗಿದೆ ಎಂದು ಮತ್ತೊಬ್ಬಳು. ಅದಕ್ಕೆ ಆರುನೂರು ಜನ ನಕ್ಕಿದ್ದರು. ಇವಳಿಗೂ ನಗು ಬಂತು. ಸಾಲು ಚೆನ್ನಾಗಿತ್ತು.

ಸಾಲಿನ ಒಳ್ಳೆಯದು ಕೆಟ್ಟದ್ದು ಇವಳಿಗೆ ಗೊತ್ತಾಗಲೇಬೇಕು. ಸಿನಿಮಾಗಳ ಬುಡದಲ್ಲಿ ಹಾದುಹೋಗುವ ಅಡಿಬರಹ ಬರೆಯುವುದು ಇವಳ ಉದ್ಯೋಗ. ಪರದೆಯ ಮೇಲೆ ಯಾರಾದರೂ ಎದೆ ಬಿರಿದು ಅತ್ತರೆ ಆ ಅಳುವನ್ನು ಎರಡು ಸಾಲಿಗೆ, ಸಾಲಿಗೆ ಮೂವತ್ತೆರಡು ಅಕ್ಷರಕ್ಕೆ ಇಳಿಸಬೇಕು. ಹನ್ನೊಂದು ವರ್ಷದಿಂದ ಇಳಿಸುತ್ತಿದ್ದಾಳೆ. ಇವಳ ಕಚೇರಿಯ ಮಹಡಿಯಲ್ಲಿ ಹದಿನಾಲ್ಕು ಮಂದಿ ಕಿವಿಗೆ ಹೆಡ್‌ಫೋನ್ ಏರಿಸಿ ಬೇರೆಯವರ ದುಃಖವನ್ನು ಅಳತೆಗೆ ಕತ್ತರಿಸುತ್ತ ಕೂತಿರುತ್ತಾರೆ. ಬೆಳಿಗ್ಗೆಯಿಂದ ಅವರಲ್ಲಿ ಅರ್ಧಕ್ಕರ್ಧ ಮಂದಿ ಮೂರನೇ ಜೋಡಿಯನ್ನು ನೋಡಿದ್ದರು. ಯಾರೂ ತುಟಿ ಪಿಟಕ್ಕೆನ್ನಲಿಲ್ಲ. ಏನೂ ಅನ್ನದೆ ಇರುವುದರಲ್ಲಿ ಆ ಕಚೇರಿ ಚೆನ್ನಾಗಿ ಪಳಗಿತ್ತು.

ಇವಳಿಗೆ ಇನ್ನೊಂದು ಕೆಲಸವಿತ್ತು. ಅಲ್ಲಿ ಇವಳ ಹೆಸರು ಗೂಬೆ. ದುಂಡು ಕನ್ನಡಕ ನೋಡಿ ಜೊತೆಯವಳು ಮೊದಲ ವಾರವೇ ಇಟ್ಟ ಹೆಸರು ಅದು. ಆ ಹೆಸರಿನಲ್ಲಿ ಇವಳೊಂದು ಪುಟ ನಡೆಸುತ್ತಾಳೆ: ಹೆಣ್ಣನ್ನು ಪ್ರೀತಿಸುವ ಹೆಣ್ಣು ತೆರೆಯ ಮೇಲೆ ಎಲ್ಲಿ ಬಂದರೂ ಅದು ನಿಜವೋ ಸುಳ್ಳೋ ಎಂದು ಗೂಬೆ ಹೇಳುತ್ತದೆ. ನಲವತ್ತು ಸಾವಿರ ಜನ ಕಿವಿಗೊಟ್ಟು ಕೇಳುತ್ತಾರೆ. ಹತ್ತೊಂಬತ್ತರ ವಯಸ್ಸಿನಲ್ಲಿ ಇವಳು ಅಂಥ ಮೊದಲ ಸಿನಿಮಾ ನೋಡಿದ್ದಳು. ಅದರಲ್ಲಿ ಇಬ್ಬರು ಹೆಂಗಸರ ಬೆನ್ನುಗಳನ್ನು ಬಹಳ ಹೊತ್ತು ತೋರಿಸಿ, ಆಮೇಲೆ ಒಬ್ಬಳನ್ನು ಸಾಯಿಸಿ ಇನ್ನೊಬ್ಬಳಿಗೆ ಮದುವೆ ಮಾಡಿದ್ದರು. ಹೊರಗೆ ಬಂದು ಬಿಸಿಲಲ್ಲಿ ನಿಂತು, ಇದು ಅದಾದರೆ ನಾನು ಅದಲ್ಲ ಎಂದು ಸಮಾಧಾನಪಟ್ಟುಕೊಂಡಿದ್ದಳು. ಆ ಸಮಾಧಾನ ಸುಳ್ಳೆಂದು ತಿಳಿಯಲು ಆರು ವರ್ಷ ಬೇಕಾಯಿತು. ಆ ಆರು ವರ್ಷದ ಸಿಟ್ಟೇ ಗೂಬೆ.

ಗೂಬೆಗೆ ಒಂದು ಪದ್ಧತಿಯಿದೆ. ಮುಖಕ್ಕೆ ತರಬೇತಿ ಕೊಡಬಹುದು, ಕೈಗೆ ಕೊಡಲು ಯಾರಿಗೂ ಪುರುಸೊತ್ತಿರುವುದಿಲ್ಲ ಎಂಬುದು ಅದರ ನಂಬಿಕೆ. ಆದ್ದರಿಂದ ಸದ್ದು ಆರಿಸಿ, ಪರದೆಗೆ ಹಳದಿ ಚೀಟಿ ಅಂಟಿಸಿ, ಮುಖಗಳನ್ನು ಮುಚ್ಚಿ, ಕೈಗಳನ್ನಷ್ಟೇ ನೋಡುವುದು. ಓದುಗರೂ ಇದನ್ನು ಕಲಿತಿದ್ದರು. ಈವತ್ತು ಬೆಳಿಗ್ಗೆಯಿಂದ ಎಷ್ಟು ಮನೆಗಳಲ್ಲಿ ಎಷ್ಟು ಹಳದಿ ಚೀಟಿಗಳ ಹಿಂದೆ ತನ್ನ ಮುಖ ಮುಚ್ಚಿಹೋಗಿದೆಯೋ ಎಂದು ಇವಳು ಲೆಕ್ಕ ಹಾಕಲು ಹೋಗಿ ಬಿಟ್ಟುಬಿಟ್ಟಳು.

ಗೂಬೆ ಎಲ್ಲಿ, ಗೂಬೆ ಬಂದು ಹೇಳಲಿ ಎಂದು ಜನ ಕೂಗುತ್ತಿದ್ದರು. ಮೂರನೇ ಜೋಡಿಯ ಕನ್ನಡಕದವಳೇ ಗೂಬೆಯೆಂದು ಗೊತ್ತಿದ್ದದ್ದು ಜೊತೆಯವಳಿಗೆ, ಮತ್ತೆ ಆ ಧಾರಾವಾಹಿಯ ನಿರ್ದೇಶಕಿಗೆ.

ನಿರ್ದೇಶಕಿಗೆ ಗೊತ್ತಿದ್ದದ್ದಕ್ಕೆ ಕಾರಣವಿತ್ತು. ನಮ್ಮ ಕಥೆ ಸುಳ್ಳಾಗಬಾರದು, ನೀವೇ ಬಂದು ನಾಯಕಿಯರಿಗೆ ಹೇಳಿಕೊಡಿ ಎಂದು ಅವಳು ಗೂಬೆಯನ್ನು ಕರೆಸಿಕೊಂಡಿದ್ದಳು. ಇವಳು ಹತ್ತು ದಿನ ಹೋದಳು, ನಾಯಕಿಯರಿಗೆ ತಾನೇ ಗೂಬೆಯೆಂದು ತಿಳಿಸದೆ, ಬರೀ ಹೇಳಿಕೊಡುವವಳಾಗಿ. ಉಗುರು, ಚಪ್ಪಲಿ, ಒಬ್ಬರ ಬಟ್ಟೆ ಇನ್ನೊಬ್ಬರು ತೊಡುವುದು, ಎಲ್ಲ ಹೇಳಿದಳು. ನಿರ್ದೇಶಕಿಗೆ ಸಾಲಲಿಲ್ಲ. ಇದೆಲ್ಲ ಎಲ್ಲರಿಗೂ ಗೊತ್ತಿರುವುದು, ಯಾರಿಗೂ ಗೊತ್ತಿಲ್ಲದ್ದು ಒಂದು ಬೇಕು ಎಂದಳು. ಹತ್ತನೇ ದಿನ ಇವಳು ಕನ್ನಡಕದ ವಿಷಯ ಹೇಳಿಬಿಟ್ಟಳು.

ಜೊತೆಯವಳದು ಕಟ್ಟುಹಲ್ಲು ಮಾಡುವ ಕೆಲಸ. ಅವಳ ಬೆರಳ ಸಂದಿಯಲ್ಲಿ ಯಾವಾಗಲೂ ಒಂದಿಷ್ಟು ಬಿಳಿ ಪುಡಿ ಇರುತ್ತದೆ. ಸಂಜೆ ಮನೆಗೆ ಬಂದವಳು ಮಾತಿಲ್ಲದೆ ಇವಳ ಮುಖದಿಂದ ಕನ್ನಡಕ ತೆಗೆಯುತ್ತಾಳೆ, ಗಾಜಿನ ಮೇಲೆ ಉಸಿರು ಬಿಡುತ್ತಾಳೆ, ತನ್ನ ಅಂಗಿಯ ತುದಿಯಿಂದ ಒರೆಸುತ್ತಾಳೆ, ಬೆಳಕಿಗೆ ಹಿಡಿಯುತ್ತಾಳೆ, ವಾಪಸು ಇಟ್ಟು ಮೂಗಿನ ಮೇಲೆ ಒಂದು ಬೆರಳಿಂದ ಒತ್ತುತ್ತಾಳೆ. ಅಷ್ಟು ಹೊತ್ತು ಇವಳಿಗೆ ಏನೂ ಕಾಣುವುದಿಲ್ಲ. ಮುಖ ಒಡ್ಡಿಕೊಂಡು ಸುಮ್ಮನೆ ನಿಂತಿರುತ್ತಾಳೆ, ಮುಖ ತೊಳೆಸಿಕೊಳ್ಳುವ ಮಗುವಿನ ಹಾಗೆ. ಎಂಟು ವರ್ಷದಲ್ಲಿ ಇದರ ಬಗ್ಗೆ ಇಬ್ಬರೂ ಒಂದು ಮಾತೂ ಆಡಿರಲಿಲ್ಲ.

ನಿರ್ದೇಶಕಿ ಮೇಜು ಗುದ್ದಿ, ಇದೇ ಇದೇ ಎಂದಿದ್ದಳು. ಈಗ ಒಂದನೇ ಜೋಡಿ ಮಾಡಿದ್ದು ಅದನ್ನೇ. ಇದನ್ನು ನಟಿಸಲು ಯಾರಿಂದಲೂ ಆಗದು ಎಂದು ಸಾವಿರಾರು ಜನ ಬರೆದಿದ್ದರು. ಕನ್ನಡಕ ತೆಗೆದ ಕ್ಷಣ ಆ ಜೋಡಿಯ ಕನ್ನಡಕದವಳ ಕಣ್ಣಲ್ಲಿ ನೀರಾಡಿದ್ದನ್ನು ನೋಡಿ ಅತ್ತವರು ಎಷ್ಟೋ.

ಜೊತೆಯವಳು ಅದನ್ನು ನೋಡಬಾರದು. ಬೆಳಿಗ್ಗೆಯಿಂದ ಇವಳಿಗೆ ಬೇಕಾಗಿದ್ದದ್ದು ಅದೊಂದೇ. ಅವಳು ಇಂಥದ್ದನ್ನೆಲ್ಲ ನೋಡುವವಳಲ್ಲ, ಫೋನೆಂದರೆ ಅವಳಿಗೆ ಅಲಾರಂ. ಪ್ರಚಾರದ ಚಿತ್ರೀಕರಣಕ್ಕೂ, ನಾನು ಉಣ್ಣೋದನ್ನ ಯಾರು ನೋಡ್ತಾರೆ ಎಂದು ಮೂಗು ಮುರಿದು, ಕೊನೆಗೆ ಇವಳ ಮುಖ ನೋಡಿ ಒಪ್ಪಿದ್ದಳು. ಆದರೆ ಎಲ್ಲರ ಕೈಯಲ್ಲೂ ಓಡಾಡುತ್ತಿರುವುದು ಅವಳ ಕೈಗೆ ಎಷ್ಟು ದಿನ ಬಾರದೆ ಇದ್ದೀತು? ಕಂಡರೆ ಆ ಕೈ ಮತ್ತೆ ಈ ಮುಖದ ಹತ್ತಿರ ಬರುತ್ತದೆಯೇ? ಇವಳಿಗೆ ನಿಜವಾಗಿ ಹೆದರಿಕೆಯಾಯಿತು.

ಹನ್ನೆರಡರ ಹೊತ್ತಿಗೆ ಒಂದನೇ ಜೋಡಿಯ ಕನ್ನಡಕದವಳು ಅದೇ ಮಹಡಿಗೆ ಬಂದಳು. ಕಾರಿಡಾರಿನ ಕೊನೆಯಲ್ಲಿ ಧ್ವನಿ ಮುದ್ರಿಸುವ ಕೋಣೆಯಿತ್ತು. ನೀರಿನ ಯಂತ್ರದ ಹತ್ತಿರ ಇಬ್ಬರೂ ಎದುರಾದರು. ನಟಿಗೆ ಕಣ್ಣಿನ ತೊಂದರೆಯಿಲ್ಲ, ಪಾತ್ರಕ್ಕೆ ಹಾಕಿದ್ದು ಬರೀ ಗಾಜು. ಕನ್ನಡಕವಿಲ್ಲದೆ ಅವಳು ಚಿಕ್ಕವಳಾಗಿ, ಸ್ವಲ್ಪ ಹಸಿದವಳಂತೆ ಕಂಡಳು. ಎಲ್ಲ ನಿಮ್ಮಿಂದಲೇ ಎಂದು ಇವಳ ಕೈ ಹಿಡಿದುಕೊಂಡಳು. ಇವಳಿಗೆ ಕೇಳದೆ ಇರಲಾಗಲಿಲ್ಲ.

“ಕನ್ನಡಕ ತೆಗೆದಾಗ ನಿಮಗೇನನ್ನಿಸ್ತಿತ್ತು?”

“ಸೀನು ಬರ್ತಿತ್ತು,” ಅಂದಳು ನಟಿ. “ತಡ್ಕೊಂಡಿದ್ದೆ. ಅದಕ್ಕೇ ಕಣ್ಣಲ್ಲಿ ನೀರು.”

ಕನ್ನಡಕ ತೆಗೆದ ಇನ್ನೊಬ್ಬ ನಟಿ ಮನಸ್ಸಿನಲ್ಲೇ ಒಂದರಿಂದ ನಾಲ್ಕು ಎಣಿಸುತ್ತಿದ್ದಳಂತೆ. ತೆಗೆಯುವುದು ಒಂದು, ಉಸಿರು ಎರಡು, ಒರೆಸುವುದು ಮೂರು, ಇಡುವುದು ನಾಲ್ಕು. ಇವಳು ತಲೆಯಾಡಿಸುತ್ತ ಕೇಳಿದಳು. ಬೇಜಾರಾಗುವ ಬದಲು ಹೊಸ ಭಾಷೆಯ ವ್ಯಾಕರಣ ತಿಳಿದಂತೆ ಖುಷಿಯಾಯಿತು. ಹಾಗಾದರೆ ಪ್ರೀತಿಯ ಯೋಚನೆಯೇ ಬೇಕಿಲ್ಲ. ತಾನು ಚಿತ್ರೀಕರಣದ ಆ ಮೂವತ್ತು ಸೆಕೆಂಡೂ ಪ್ರೀತಿಯ ಬಗ್ಗೆಯೇ ಯೋಚಿಸುತ್ತಿದ್ದಳು.

ಮೂರನೆಯದನ್ನೂ ನೋಡಿದೆ, ನಿಮ್ಮನ್ನೂ ಬಿಡಲಿಲ್ಲ ನೋಡಿ ಅವರು, ನಟನೆ ಮಾಡಿಸಿಯೇಬಿಟ್ಟರು ಎಂದು ನಟಿ ನಕ್ಕಳು. ನಿಮ್ಮ ಜೊತೆ ಇದ್ದವರು ಯಾವ ನಾಟಕದವರು, ನಾಲ್ಕು ಜೋಡಿಯಲ್ಲೂ ಅವರಷ್ಟು ಸಹಜವಾಗಿ ಮಾಡಿದವರಿಲ್ಲ ಎಂದಳು. ನಾಟಕದವಳಲ್ಲ, ಹಲ್ಲು ಕಟ್ಟುವವಳು ಎಂದಳು ಇವಳು. ಅದು ಸತ್ಯವೇ ಆಗಿತ್ತು. ನಟಿ ಅರ್ಥವಾಗದೆ ಇನ್ನೊಂದು ಸಲ ನಕ್ಕು, ಹೊರಟವಳು ತಿರುಗಿ ನಿಂತಳು.

“ಅದು ಯಾರದು? ಆ ಕನ್ನಡಕದ್ದು. ಕೂತು ಯೋಚಿಸಿದ್ರೆ ಹೊಳೆಯೋ ಅಂಥದ್ದಲ್ಲ ಅದು. ಯಾರೋ ಮಾಡ್ತಾರೆ.”

“ಯಾರದೂ ಅಲ್ಲ. ಎಲ್ಲೋ ಓದಿದ್ದು.”

“ಹೌದಾ,” ಅಂದಳು ನಟಿ. ಅವಳ ಮುಖ ಸಣ್ಣದಾಯಿತು. “ಯಾರದಾದ್ರೂ ಆಗಿದ್ರೆ ಚೆನ್ನಾಗಿತ್ತು.”

ಊಟದ ಡಬ್ಬಿ ಬಿಚ್ಚುವಷ್ಟರಲ್ಲಿ ಅಕ್ಕನ ಫೋನು. ಎಂಟು ವರ್ಷದಿಂದ ಅಕ್ಕ ನೆಂಟರಿಷ್ಟರಿಗೆಲ್ಲ ಹೇಳಿಕೊಂಡು ಬಂದಿರುವುದು ‘ರೂಮ್‌ಮೇಟ್’ ಎಂದು. ಬಾಡಿಗೆ ಹಂಚಿಕೊಳ್ಳಲು ಸೇರಿದ ಇಬ್ಬರು ಒಟ್ಟಿಗೇ ಒಂದು ಮನೆ ಕೊಂಡ ಮೇಲೂ ಆ ಮಾತು ಬದಲಾಗಿರಲಿಲ್ಲ. ಈವತ್ತು ಅಕ್ಕನ ಮಗಳು ಫೋನು ತಂದು ತೋರಿಸಿದಳಂತೆ. ಮೂರನೇ ಜೋಡಿ ಕಂಡ ತಕ್ಷಣ ಅಕ್ಕನ ಎದೆ ಧಸಕ್ಕೆಂದಿತಂತೆ. ಕೆಳಗಿನ ಅಂಕಿ ಕಣ್ಣಿಗೆ ಬಿದ್ದ ಮೇಲೆ ಹೋದ ಜೀವ ಬಂತಂತೆ.

ಇವಳು ಬ್ರೆಡ್ಡಿನ ತುಂಡು ಕೈಯಲ್ಲಿ ಹಿಡಿದು ಕೇಳುತ್ತಿದ್ದಳು. ಅಕ್ಕನ ದನಿ ಇಷ್ಟು ಹಗುರವಾಗಿ ಕೇಳಿ ಯಾವ ಕಾಲವಾಗಿತ್ತೋ. ಅಮ್ಮ ಮೂರು ಸಲ ಹಾಕಿಸಿಕೊಂಡು ನೋಡಿದಳು, ಶಾಲೆಯ ನಾಟಕದಲ್ಲಿ ಮರ ಆಗಿ ನಿಂತಿದ್ದವಳು ಈಗ ಎಷ್ಟು ಚೆನ್ನಾಗಿ ಮಾಡುತ್ತಾಳೆ ನೋಡು ಎಂದು ಪಕ್ಕದ ಮನೆಯವರನ್ನೂ ಕರೆದು ತೋರಿಸಿದಳು. ಇದೆಲ್ಲ ಹೇಳಿ ಮುಗಿದ ಮೇಲೆ ಅಕ್ಕ ದನಿ ತಗ್ಗಿಸಿ ಕೇಳಿದಳು.

“ನಟನೆ ತಾನೇ?”

“ಹೂಂ.”

“ಹೂಂ ಅಂದ್ರೆ?”

“ನಟನೆ.”

ಆ ಕಡೆಯಿಂದ ಉಸಿರು ಬಿಟ್ಟದ್ದು ಕೇಳಿಸಿತು. ಇಡುವ ಮೊದಲು ಅಕ್ಕ, ಅವಳಿಗೂ ಹೇಳು, ಚೆನ್ನಾಗಿ ಮಾಡಿದಾಳೆ ಅಂತ, ಎಂದಳು. ಎಂಟು ವರ್ಷದಲ್ಲಿ ಅಕ್ಕ ಜೊತೆಯವಳಿಗೆ ಹೇಳಿ ಕಳಿಸಿದ ಮೊದಲ ಮಾತು ಅದು. ಇವಳು ಬ್ರೆಡ್ಡನ್ನು ಡಬ್ಬಿಗೆ ಹಾಕಿ ಮುಚ್ಚಿದಳು.

ಮೂರು ಗಂಟೆಗೆ ಚಿತ್ರ ಪರಿಶೀಲಿಸುವ ಸಣ್ಣ ಕೋಣೆಗೆ ಹೋಗಿ ಚಿಲಕ ಹಾಕಿಕೊಂಡಳು. ಹಳದಿ ಚೀಟಿ ಅಂಟಿಸಿದಳು. ಗೂಬೆ ನ್ಯಾಯವಾಗಿಯೇ ನೋಡಬೇಕು, ತನ್ನವರು ಪರರು ಎಂದಿಲ್ಲ. ಎರಡನೆಯದು ಮತ್ತು ನಾಲ್ಕನೆಯದು ಸುಲಭವಾಗಿದ್ದವು. ಎರಡನೆಯದರಲ್ಲಿ ಒಬ್ಬಳು ಇನ್ನೊಬ್ಬಳ ತಟ್ಟೆಯಿಂದ ಕೇಳದೆ ಎತ್ತಿಕೊಂಡಳು, ನಾಲ್ಕನೆಯದರಲ್ಲಿ ಬೆರಳು ತೋರಿಸಿ ಕೇಳಿ ಎತ್ತಿಕೊಂಡಳು. ಒಂದನೆಯದರಲ್ಲಿ ಎಣಿಕೆ ಈಗ ಕಣ್ಣಿಗೆ ಹೊಡೆಯುವಂತೆ ಕಾಣುತ್ತಿತ್ತು. ಒಂದು, ಎರಡು, ಮೂರು, ನಾಲ್ಕು. ಇಷ್ಟು ದೊಡ್ಡ ಲೋಪ ಜನಕ್ಕೆ ಕಾಣದ್ದು ಹೇಗೆ ಎಂದು ಆಶ್ಚರ್ಯವಾಯಿತು.

ಆಮೇಲೆ ಮೂರನೆಯದು. ಬಲಗಡೆ ಕೂತವಳ ಕೈಗಳು ಅನ್ನ ಕಲಸುತ್ತವೆ, ಒಂದು ಅಗಳು ಮೇಜಿನ ಮೇಲೆ ಬೀಳುತ್ತದೆ, ಎತ್ತಿ ತಟ್ಟೆಯ ಅಂಚಿಗೆ ಇಡುತ್ತವೆ. ಎಡಗಡೆ ಕೂತ ಕನ್ನಡಕದವಳ ಕೈಗಳಿಗೆ ಮಾಡಲು ಏನೂ ಇಲ್ಲ. ಅವು ಲೋಟವನ್ನು ಸ್ವಲ್ಪ ಮುಂದೆ ಸರಿಸುತ್ತವೆ, ಚೆನ್ನಾಗಿ ಕಾಣುವ ಜಾಗಕ್ಕೆ. ತುತ್ತು ಸಣ್ಣದು. ಒಂದು ಸಲ ಪಕ್ಕದವಳ ಮೊಣಕೈ ಮುಟ್ಟುತ್ತವೆ, ಮುಟ್ಟಿ ಅರ್ಧ ಸೆಕೆಂಡು ಹೆಚ್ಚಿಗೆ ನಿಲ್ಲುತ್ತವೆ. ಅಪರಿಚಿತಳ ಕೈಗಳಾಗಿದ್ದರೆ ಗೂಬೆ ಅಲ್ಲಿಗೇ ನಿಲ್ಲಿಸಿ ತೀರ್ಪು ಬರೆಯುತ್ತಿತ್ತು.

ಹತ್ತೊಂಬತ್ತನೇ ಸೆಕೆಂಡಿನಲ್ಲಿ ಬಲಗಡೆಯವಳ ಕೈ ಮೇಲೆದ್ದಿತು. ಅನ್ನ ಅಂಟಿರದ ಎಡಗೈ. ಅದು ಚೀಟಿಯ ಅಂಚಿನವರೆಗೆ ಹೋಗಿ ಗಾಳಿಯಲ್ಲಿ ನಿಂತು, ಕೆಳಗಿಳಿದು, ಉಪ್ಪಿನ ಡಬ್ಬಿಯನ್ನು ಎತ್ತಿಕೊಂಡಿತು. ಇಬ್ಬರಲ್ಲಿ ಯಾರಿಗೂ ಉಪ್ಪು ಬೇಕಿರಲಿಲ್ಲ. ನಟಿಗೆ ಮುಂದೇನು ಮಾಡಬೇಕೋ ಮರೆತುಹೋಗಿದೆ ಪಾಪ ಎಂದು ಜನ ಇದನ್ನೇ ಎತ್ತಿ ಆಡಿಕೊಂಡಿದ್ದರು.

ಇವಳು ಚೀಟಿ ಕಿತ್ತು ಮತ್ತೆ ನೋಡಿದಳು. ಕೈ ಕನ್ನಡಕದ ಕಡೆ ಬರುತ್ತಿದೆ. ಕನ್ನಡಕದವಳು ಮುಖವನ್ನು ಒಂದಂಗುಲ ಆಚೆ ಸರಿಸುತ್ತಾಳೆ.

ನೆನಪಾಯಿತು. ತಮ್ಮ ಚಿತ್ರೀಕರಣದ ಹಿಂದಿನ ದಿನವಷ್ಟೇ ಒಂದನೇ ಜೋಡಿಯದು ಆಗಿತ್ತು. ಜೊತೆಯವಳು ಅಭ್ಯಾಸಬಲದಿಂದ ಕೈ ಎತ್ತಿದಾಗ ಇವಳ ತಲೆಯೊಳಗೆ ಬಂದದ್ದು ಒಂದೇ ಯೋಚನೆ: ಇದನ್ನು ಅವರು ಮಾಡಿಯಾಗಿದೆ, ನಾವೂ ಮಾಡಿದರೆ ನಕಲು ಅನ್ನುತ್ತಾರೆ. ಇದು ಯಾವ ಊರಿನ ಬುದ್ಧಿ ಎಂದು ಈಗ ತನ್ನನ್ನೇ ಕೇಳಿಕೊಂಡಳು. ತನ್ನದನ್ನು ಊರಿಗೆಲ್ಲ ಹಂಚಿ ಬಂದು ತನ್ನ ಮನೆಯಲ್ಲಿ ತಾನೇ ನಕಲಿಗೆ ಹೆದರಿದ್ದಳು.

ಇನ್ನೊಂದೂ ಹೊಳೆಯಿತು. ಕನ್ನಡಕ ತೆಗೆದು ಬೆಳಕಿಗೆ ಹಿಡಿದಳು. ಗಾಜಿನ ತುಂಬ ಬೆರಳಿನ ಗುರುತು, ಎಣ್ಣೆ, ಧೂಳು. ಆ ದಿನದಿಂದ ಈ ದಿನದವರೆಗೆ ಮೂರು ವಾರ ಜೊತೆಯವಳು ಅದನ್ನು ಒಂದು ಸಲವೂ ತೆಗೆದಿರಲಿಲ್ಲ. ಇವಳು ಗಮನಿಸಿರಲೂ ಇಲ್ಲ. ಕಣ್ಣು ಮಂಜಾಗುತ್ತಿದೆ, ಡಾಕ್ಟರಿಗೆ ತೋರಿಸಬೇಕು ಎಂದುಕೊಂಡಿದ್ದಳು.

ಮನೆಗೆ ಓಡಿಹೋಗಿದ್ದರೆ ಕಥೆ ಬೇರೆಯಾಗುತ್ತಿತ್ತೋ ಏನೋ. ಇವಳು ಓಡಲಿಲ್ಲ. ಓದಿದವಳು, ತಪ್ಪು ಕಂಡರೆ ಮೊದಲು ಅದನ್ನು ಬರೆಯಬೇಕು. ಗೂಬೆಯ ಪುಟ ತೆರೆದು ಅಡಿಬರಹದಷ್ಟೇ ಬಿಗಿಯಾಗಿ ತೀರ್ಪು ಬರೆದಳು. ಎರಡನೇ ಜೋಡಿ: ನಿಜ. ನಾಲ್ಕನೇ ಜೋಡಿ: ನಟನೆ. ಒಂದನೇ ಜೋಡಿಗೆ ಬಂದಾಗ ಬೆರಳು ನಿಂತಿತು. ನಟನೆ ಎಂದರೆ ಆ ಕನ್ನಡಕವೂ ಸುಳ್ಳಾಗುತ್ತದೆ. ಅದನ್ನು ಸುಳ್ಳು ಎನ್ನಲು ಇವಳಿಂದ ಆಗಲಿಲ್ಲ. ‘ನಿಜ’ ಎಂದು ಬರೆದಳು. ಮೂರನೆಯದಕ್ಕೆ ಯೋಚಿಸಬೇಕಾಗಲಿಲ್ಲ. ‘ನಟನೆ. ಬಲಗಡೆಯವಳ ಕೈ ಮನೆಯಲ್ಲಿದೆ. ಕನ್ನಡಕದವಳು ಪಕ್ಕದವಳ ಜೊತೆ ಉಣ್ಣುತ್ತಿಲ್ಲ, ನಮ್ಮ ಜೊತೆ ಉಣ್ಣುತ್ತಿದ್ದಾಳೆ.’ ಓದಿಕೊಂಡಳು. ಚೆನ್ನಾಗಿತ್ತು. ಒತ್ತಿದಳು.

ಹತ್ತು ನಿಮಿಷದಲ್ಲಿ ಎರಡು ಸಾವಿರ ಜನ ಭೇಷ್ ಅಂದರು.

ಬಸ್ಸಿನಲ್ಲಿ ನಿಂತೇ ಬರುವಾಗ ಒಂದು ಸಂದೇಶ ಬಂತು. ಆಗಾಗ ಬರೆಯುವ ಹುಡುಗಿ, ಎಲ್ಲೋ ಸಣ್ಣ ಊರಿನವಳು, ಹತ್ತೊಂಬತ್ತು ವರ್ಷ. ಗೂಬೆ ಅಕ್ಕಾ ಎಂದೇ ಬರೆಯುತ್ತಾಳೆ. ‘ಗೂಬೆ ಅಕ್ಕಾ, ನನಗೆ ಮೂರನೇ ಜೋಡಿನೇ ಇಷ್ಟ ಆಗಿತ್ತು. ಆ ಕನ್ನಡಕದವರ ಥರಾನೇ ನಾನೂ. ಯಾರಾದರೂ ಹತ್ತಿರ ಬಂದರೆ ಕೈ ಎಲ್ಲಿಡಬೇಕು ಗೊತ್ತಾಗಲ್ಲ. ಅವರು ಸುಳ್ಳಾದರೆ ನಾನೂ ಸುಳ್ಳಾ?’

ಇಲ್ಲ ಎಂದು ಬರೆದಳು. ಅಳಿಸಿದಳು. ಇಲ್ಲ ಎಂದರೆ ತೀರ್ಪು ತಪ್ಪಾಗುತ್ತದೆ, ಹೌದು ಎಂದರೆ ಹುಡುಗಿ ತಪ್ಪಾಗುತ್ತಾಳೆ. ಬಿಸಿಲಲ್ಲಿ ನಿಂತ ತನ್ನದೇ ಹತ್ತೊಂಬತ್ತು ವರ್ಷ ಕಣ್ಣ ಮುಂದೆ ಬಂತು. ಮನೆಗೆ ಹೋಗಿ ಸಮಾಧಾನವಾಗಿ ಬರೆಯೋಣವೆಂದು ಫೋನನ್ನು ಚೀಲಕ್ಕೆ ಹಾಕಿದಳು.

ಜೊತೆಯವಳು ಆಗಲೇ ಬಂದಿದ್ದಳು. ಮಧ್ಯಾಹ್ನ ಉಂಡಿಲ್ಲ, ಹಸಿವು ಎಂದು ಬೆಳಕಿರುವಾಗಲೇ ಅನ್ನ ಬೇಯಿಸಿ, ಮೊಟ್ಟೆ ಒಡೆದು ಹುರಿದು, ಎರಡು ತಟ್ಟೆ ಇಟ್ಟಿದ್ದಳು. ಮೋರೆ ಎಂದಿನಂತೆಯೇ ಇತ್ತು. ಇವಳು ಚೀಲ ಇಟ್ಟು ಅವಳೆದುರು ಬೇಕೆಂದೇ ಒಂದು ಗಳಿಗೆ ನಿಂತಳು. ಅವಳು ಪಕ್ಕಕ್ಕೆ ಸರಿದು ಅಡುಗೆಮನೆಗೆ ಹೋಗಿ ನೀರು ತಂದಳು.

ಇಬ್ಬರೂ ಕೂತರು. ಚಿತ್ರೀಕರಣದ ದಿನ ಇಬ್ಬರ ಮುಖವೂ ಕಾಣಲೆಂದು ಕಂಪನಿಯವರು ಮೇಜನ್ನು ಗೋಡೆಯಿಂದ ಈಚೆಗೆ ಎಳೆದು, ಎರಡೂ ಕುರ್ಚಿಗಳನ್ನು ಒಂದೇ ಬದಿಗೆ ಹಾಕಿದ್ದರು. ಎದುರಿನ ಬದಿಯಲ್ಲಿ, ಗೋಡೆಗೂ ಮೇಜಿಗೂ ನಡುವಿನ ಇಕ್ಕಟ್ಟಿನಲ್ಲಿ, ಕ್ಯಾಮೆರಾ ನಿಂತಿತ್ತು. ಅವರು ಹೋದ ಮೇಲೆ ಕುರ್ಚಿಗಳನ್ನು ಯಾರೂ ತಿರುಗಿಸಿರಲಿಲ್ಲ. ಮೂರು ವಾರದಿಂದ ಇಬ್ಬರೂ ಅಕ್ಕಪಕ್ಕ ಕೂತು ಗೋಡೆ ನೋಡಿಕೊಂಡು ಉಣ್ಣುತ್ತಿದ್ದರು.

“ಗೂಬೆ ಬರೆದದ್ದು ಓದಿದೆ,” ಅಂದಳು ಜೊತೆಯವಳು, ಅನ್ನ ಕಲಸುತ್ತ.

“ನೀನು ಅದನ್ನ ಓದ್ತೀಯಾ?”

“ಮೊದಲಿಂದ. ಒಂದೂ ಬಿಟ್ಟಿಲ್ಲ.”

ಎಂಟು ವರ್ಷ ಪಕ್ಕದಲ್ಲೇ ಓದುವವಳೊಬ್ಬಳು ಇದ್ದದ್ದು ಇವಳಿಗೆ ಗೊತ್ತಿರಲಿಲ್ಲ. ನಾಲ್ಕೂ ಜೋಡಿ ನೋಡಿದೆಯಾ ಎಂದು ಕೇಳಿದಳು. ನೋಡಿದೆ ಎಂದಳು ಅವಳು. ಒಂದನೆಯವರು ಚೆನ್ನಾಗಿ ಒರೆಸುತ್ತಾರೆ, ನನಗಿಂತ ಚೆನ್ನಾಗಿ. ನನ್ನ ಅಂಗಿಯಲ್ಲಿ ಪುಡಿ ಇರುತ್ತೆ, ಗಾಜು ಗೀರಾಗುತ್ತೆ ಎಂದು ನಿನಗೆ ಹೇಳಬೇಕು ಅಂತಿದ್ದೆ ಎಂದಳು. ದನಿಯಲ್ಲಿ ಕೋಪವಿರಲಿಲ್ಲ. ಕೋಪವಿದ್ದರೆ ಇವಳಿಗೆ ಅನುಕೂಲವಾಗುತ್ತಿತ್ತು.

ಜೊತೆಯವಳು ಹಲ್ಲಿನ ವಿಷಯ ತೆಗೆದಳು. ಬಾಯಿತುಂಬ ಒಂದೇ ಸಮನಾದ ಹಲ್ಲು ಕಟ್ಟಿಕೊಟ್ಟರೆ ನೋಡಿದವರಿಗೆ ತಕ್ಷಣ ಗೊತ್ತಾಗುತ್ತದೆ, ಆದ್ದರಿಂದ ಒಂದನ್ನು ಸ್ವಲ್ಪ ಸೊಟ್ಟ ಕೂರಿಸುತ್ತೇವೆ, ಆಗ ಎಲ್ಲರೂ ನಿಜ ಅಂದುಕೊಳ್ಳುತ್ತಾರೆ ಎಂದಳು. ಒಂದು ತುತ್ತು ಉಂಡಳು. ಹಲ್ಲು ಕಟ್ಟಿಸಿಕೊಂಡವರಿಗೆ ಮಾತ್ರ ರಾತ್ರಿ ತೆಗೆದಿಡುವಾಗ ಗೊತ್ತಿರುತ್ತದೆ ಎಂದಳು.

ಇವಳು ಗೋಡೆ ನೋಡುತ್ತಿದ್ದಳು.

“ಅವತ್ತು ಯಾಕೆ ಮುಖ ತಿರುಗಿಸಿದೆ?”

“ನಕಲು ಅಂದ್ಕೋತಾರೆ ಅಂತ.”

“ಯಾರು?”

ನಲವತ್ತು ಸಾವಿರ ಎಂದು ಹೇಳಬಹುದಿತ್ತು.

“ನಾನು ಏನು ತಪ್ಪು ಮಾಡಿದೆ ಅಂತ ಮೂರು ವಾರ ಯೋಚನೆ ಮಾಡಿದೆ,” ಅಂದಳು ಜೊತೆಯವಳು.

ಇವಳಿಗೆ ಅವಳ ಕೈ ಹಿಡಿದುಕೊಳ್ಳಬೇಕೆನ್ನಿಸಿತು. ಎಷ್ಟು ಹೊತ್ತು ಹಿಡಿದುಕೊಂಡರೆ ಸರಿ ಎಂದು ತಿಳಿಯದೆ ಲೋಟ ಹಿಡಿದಳು. ಜೊತೆಯವಳು ಅದನ್ನು ನೋಡಿದಳು. ಎದ್ದು, ತನ್ನ ಕುರ್ಚಿಯನ್ನು ಎತ್ತಿಕೊಂಡು ಮೇಜನ್ನು ಬಳಸಿ ಆಚೆ ಬದಿಗೆ ಹೋದಳು. ಅಲ್ಲಿ ಜಾಗವಿರಲಿಲ್ಲ. ಕುರ್ಚಿಯ ಬೆನ್ನು ಗೋಡೆಗೆ ತರಚಿತು, ಒಂದಿಷ್ಟು ಸುಣ್ಣ ಉದುರಿತು. ಮೈ ಹಿಡಿಮಾಡಿಕೊಂಡು ಕೂತು, ಕೈ ಚಾಚಿ ತನ್ನ ತಟ್ಟೆಯನ್ನು ಎಳೆದುಕೊಂಡಳು.

“ಈಗ ಯಾರೂ ಇಲ್ಲ. ನನ್ನ ನೋಡು.”

ಇವಳು ನೋಡಿದಳು. ಮಂಜಾದ ಗಾಜಿನ ಆಚೆ ಅವಳ ಮುಖ ದಣಿದು, ತೆರೆದುಕೊಂಡು, ತಪ್ಪೇನೆಂದು ಇನ್ನೂ ಹುಡುಕುತ್ತಿರುವಂತೆ ಇತ್ತು. ಇವಳಿಗೆ ಅವಳ ಮೇಲೆ ಹೇಳಲಾಗದಷ್ಟು ಪ್ರೀತಿ ಬಂತು. ಅದು ಮುಖಕ್ಕೆ ಬರಲಿ ಎಂದು ಕಾದಳು.

ಬಂತು. ಗಲ್ಲ ಒಂದಿಷ್ಟು ಎಡಕ್ಕೆ ಇಳಿಯಿತು, ಚೆನ್ನಾಗಿ ಕಾಣುತ್ತದೆಂದು ಕ್ಯಾಮೆರಾದವನು ಹೇಳಿದ್ದ ಕಡೆಗೆ. ಕೆನ್ನೆ ಏರಿತು. ಕಣ್ಣು ಎಷ್ಟು ಬೇಕೋ ಅಷ್ಟು ಮೆತ್ತಗಾಯಿತು. ಇವಳಿಗೆ ಅದು ಗೊತ್ತಾಯಿತು. ಕೂಡಲೇ ತೆಗೆದುಹಾಕಿದಳು. ಅದರ ಜಾಗದಲ್ಲಿ ಇನ್ನೊಂದು ಬಂತು, ನಟಿಸುವುದನ್ನು ಬಿಟ್ಟವಳ ಮುಖ. ಹುಬ್ಬು ಸಡಿಲ, ತುಟಿ ಸ್ವಲ್ಪ ತೆರೆದಿತ್ತು. ಅದೂ ಚೆನ್ನಾಗಿತ್ತು. ಅದನ್ನೂ ತೆಗೆದಳು. ನಾಚಿಕೆಯ ಮುಖ ಬಂತು, ಬೇಡಿಕೊಳ್ಳುವ ಮುಖ ಬಂತು, ಅಳುವಿಗೆ ಒಂದು ಗಳಿಗೆ ಮುಂಚಿನ ಮುಖ ಬಂತು. ಒಂದೊಂದೂ ಹಿಂದಿನದಕ್ಕಿಂತ ನಂಬುವಂತಿತ್ತು. ಎದುರಿಗೆ ಕ್ಯಾಮೆರಾ ನಿಂತಿದ್ದ ಜಾಗದಲ್ಲಿ ಜೊತೆಯವಳು ತುತ್ತು ಕೈಯಲ್ಲೇ ಹಿಡಿದು, ರೆಪ್ಪೆ ಹೊಡೆಯದೆ, ಮುಂದಿನದಕ್ಕೆ ಕಾಯುತ್ತಿದ್ದಳು.